ಕೊನೆಗೆ ಕುಡಿದವರು

ಹಾಸನದ ನಮ್ಮ ಕ್ರೈಸ್ತ ದೇವಾಲಯದ ಒಳಕೋಣೆಯಲ್ಲಿ ಹಳೆಯ ಅಯ್ಯನವರುಗಳ, ಅಂದರೆ ಪಾದ್ರಿಗಳ, ಫೋಟೋಗಳನ್ನು ಸಾಲಾಗಿ ತೂಗುಹಾಕಬೇಕೆಂದು ಸಭೆಯವರು ತೀರ್ಮಾನಿಸಿದ್ದಾರೆ. ಒಂದೊಂದು ಫೋಟೋದ ಕೆಳಗೂ ಅವರ ಬಗ್ಗೆ ನಾಲ್ಕು ಮಾತು. ಉಳಿದವರಿಗೆಲ್ಲ ಬರೆಯುವವರು ಸಿಕ್ಕರಂತೆ. ಒಬ್ಬರಿಗೆ ಮಾತ್ರ ಯಾರೂ ಒಪ್ಪದೆ ಕೊನೆಗೆ ನನ್ನ ಮನೆಗೆ ಬಂದರು. "ಕೊನೇಲಿ ಅವರನ್ನ ನೋಡ್ಕೊಂಡ ನರ್ಸಮ್ಮ ನೀವೇ ಅಲ್ವಾ? ಒಳ್ಳೇದು ಏನಿದ್ಯೋ ಅಷ್ಟನ್ನೇ ಬರ್ಕೊಡಿ," ಎಂದರು. ನಾನು ಕೊಟ್ಟ ಕಾಫಿಯನ್ನು ಲೋಟಕ್ಕೆ ತುಟಿ ಇಟ್ಟೇ ಕುಡಿದರು. ಅದನ್ನು ನಾನು ಯಾಕೆ ಗಮನಿಸಿದೆ ಎನ್ನುವುದು ಮುಂದೆ ಗೊತ್ತಾಗುತ್ತದೆ.

ಒಳ್ಳೆಯದನ್ನೇ ಬರೆಯಬೇಕೆಂದರೆ ನಾನು ಅವರ ನಾಚಿಕೆಯನ್ನು ಬರೆಯಬೇಕು. ಅಷ್ಟು ನಾಚಿಕೆಪಟ್ಟ ಮನುಷ್ಯನನ್ನು ನಾನು ಬೇರೆ ಕಂಡಿಲ್ಲ. ನಾಚಬೇಕಾಗಿದ್ದವರು ಬೇರೆ ಬಹಳ ಜನ ಇದ್ದರು. ಅವರು ಆ ಕೆಲಸವನ್ನೂ ಇವರಿಗೇ ಬಿಟ್ಟುಕೊಟ್ಟು ಆರಾಮಾಗಿದ್ದರು. ಫೋಟೋದ ಕೆಳಗೆ ಇದು ಹಿಡಿಸುವುದಿಲ್ಲ. ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ. ಹೆಸರು ಹಾಕುವುದಿಲ್ಲ. ನಮ್ಮ ಕೇರಿಯಲ್ಲಿ ಯಾರೂ ಅವರನ್ನು ಹೆಸರು ಹಿಡಿದು ಕರೆದವರಲ್ಲ.

ನಮ್ಮದು ಹೊಳೆನರಸೀಪುರದಿಂದ ಹೊಳೆ ದಾಟಿ ಹೋದರೆ ಸಿಗುವ ಹೊಲಗೇರಿ. ಅಜ್ಜಿಯ ಕಾಲಕ್ಕೇ ನಾವು ಕ್ರೈಸ್ತರಾಗಿದ್ದೆವು. ಅಯ್ಯನವರು ನಮ್ಮ ಕಡೆಗೆ ಬಂದಾಗ ನಾನು ಲಂಗ ಹಾಕಿಕೊಂಡು ಓಡಾಡುವ ಹುಡುಗಿ. ಉದ್ದ ಆಳು, ಸ್ವಲ್ಪ ಬೆನ್ನು ಬಾಗಿತ್ತು. ಸೈಕಲ್ಲಿನ ಬಾರಿಗೆ ಕೊಡೆಯನ್ನು ಸೆಣಬಿನ ಹುರಿಯಿಂದ ಕಟ್ಟಿಕೊಂಡು ಹಾಸನದಿಂದ ಬರೋರು. ಕೇರಿಯ ಬಾಯಿಗೆ ಬರುವ ಮೊದಲೇ ಅವರ ಕೀರ್ತನೆ ಕೇಳುತ್ತಿತ್ತು. ರಾಗ ಎಂಬುದು ಅವರ ಹತ್ತಿರ ಸುಳಿಯುತ್ತಿರಲಿಲ್ಲ, ಆದರೆ ಗಂಟಲು ಮಾತ್ರ ಭಾರೀ ಇತ್ತು. "ಅಯ್ನೋರು ಬಂದ್ರು, ಕೋಳಿ ಮುಚ್ರೋ," ಎಂದು ನಮ್ಮ ಚಿಕ್ಕಪ್ಪ ಗೇಲಿ ಮಾಡುತ್ತಿದ್ದ. ಅದನ್ನು ಕೇಳಿ ಅವರೂ ನಗುತ್ತಿದ್ದರು.

ಅವರು ಚನ್ನರಾಯಪಟ್ಟಣದ ಅಂಗಡಿಮನೆಯವರು, ಲಿಂಗ ಕಟ್ಟುವ ಮನೆತನ. ಓದುವ ವಯಸ್ಸಿನಲ್ಲಿ ಕ್ರೈಸ್ತರಾದರು. ಮನೆಯವರು ನಮಗೆ ಆ ಮಗ ಇಲ್ಲ ಎಂದು ಊರಿಗೆಲ್ಲ ಹೇಳಿದರು. ಇವರು ಅಂಗಡಿ ಬಿಟ್ಟರೂ ಅಂಗಡಿ ಇವರ ಕೈ ಬಿಡಲಿಲ್ಲ. ಹಳೆಯ ಕಾಗದದ ಚೂರು ಸಿಕ್ಕರೆ ಸಾಕು, ಯಾರೊಡನೆಯೋ ಮಾತಾಡುತ್ತಿದ್ದಂತೆಯೇ ಬೆರಳುಗಳು ತಾವಾಗಿ ಪೊಟ್ಟಣ ಸುತ್ತುತ್ತಿದ್ದವು. ಭಾನುವಾರದ ಪಾಠ ಸರಿಯಾಗಿ ಒಪ್ಪಿಸಿದ ಮಕ್ಕಳಿಗೆ ಅದರಲ್ಲಿ ಹುರಿಗಡಲೆ ಹಾಕಿ ಕೊಡುವರು. ಪಾಠ ಒಪ್ಪಿಸದವರಿಗೂ ಕೊಡುವರು, ಆದರೆ ಪೊಟ್ಟಣ ಸ್ವಲ್ಪ ಸಣ್ಣದು. ಅವರದೊಂದು ಮಾತಿತ್ತು: "ತಕ್ಕಡಿಗೆ ನಾಚ್ಕೆ ಇರಲ್ಲ ಕಣವ್ವ, ತೂಗೋನಿಗೆ ಇರ್ಬೇಕು."

ನಾನು ಸ್ಕೂಲು ಸೇರಿದ್ದು ಅವರಿಂದ. ಕೇರಿಯ ಮಕ್ಕಳು ಸ್ಕೂಲಿಗೆ ಹೋಗಬಹುದೆಂದು ಸರ್ಕಾರ ಹೇಳಿತ್ತು. ಒಳಗೆ ಹೋಗಬಹುದೆಂದು ಮೇಷ್ಟರು ಹೇಳಿರಲಿಲ್ಲ. ನಾವು ನಾಲ್ಕೈದು ಮಕ್ಕಳು ಜಗುಲಿಯ ಕೆಳಗೆ ಕೂತು ಒಳಗಿನ ಪಾಠವನ್ನು ಕಿವಿಯಲ್ಲೇ ಕಲಿಯಬೇಕಿತ್ತು. ಒಂದು ದಿನ ಅಯ್ಯನವರು ಬಂದು, ಕೋಟು ಹಾಕಿಕೊಂಡೇ, ನಮ್ಮ ಸಾಲಿನಲ್ಲಿ ಮಣ್ಣಿನ ಮೇಲೆ ಕೂತರು. ಬಿಸಿಲು ಏರಿತು. ಕೊಡೆ ಬಿಚ್ಚಿ ನಮ್ಮ ತಲೆಯ ಮೇಲೆ ಹಿಡಿದರು. ಮೇಷ್ಟರು ಎರಡು ಸಲ ಹೊರಗೆ ಬಂದು ನೋಡಿ ಹೋದರು. ಮೂರನೆಯ ಸಲ, "ಸ್ವಾಮಿ, ನೀವು ಹಿಂಗೆ ಕೂತ್ರೆ ಜನ ಏನಂತಾರೆ? ಒಳಗ್ ಬನ್ನಿ," ಎಂದರು.

"ಇವರ್ ಸರದಿ ಆದ್ಮೇಲೆ ನಂದು ಸ್ವಾಮಿ," ಎಂದರು ಅಯ್ಯನವರು.

ಆ ವಾರವೇ ನಾವು ಒಳಗೆ ಹೋದೆವು. ಹಿಂದಿನ ಮೂಲೆಗೆ, ಆದರೂ ಒಳಗೆ. ಇಂಥವರು ನಮ್ಮ ಕೇರಿಗೆ ಬಂದರೆ ನೆಲದ ಮೇಲೆ ಕೂತು ನಮ್ಮ ಮನೆಯ ಮುದ್ದೆ ಉಣ್ಣುವರು. ವಾಂತಿ ಭೇದಿಯಾದ ಮಕ್ಕಳನ್ನು ಹೆಗಲ ಮೇಲೆ ಹಾಕಿಕೊಂಡು ಪೇಟೆಯ ಆಸ್ಪತ್ರೆಗೆ ನಡೆಯುವರು. ಬಾವಿಗಾಗಿ ಅಮಲ್ದಾರರ ಕಚೇರಿಯ ಮುಂದೆ ದಿನಗಟ್ಟಲೆ ನಿಂತದ್ದೂ ಉಂಟು. ಆದ್ದರಿಂದ ಮುಂದೆ ಆದದ್ದನ್ನು ಓದುವಾಗ ಇದನ್ನೂ ನೆನಪಿನಲ್ಲಿಡಬೇಕು. ಕೆಟ್ಟವರು ಮಾಡಿದ್ದರೆ ನಮಗೆ ಅಷ್ಟು ನಾಟುತ್ತಿರಲಿಲ್ಲ.

ಕ್ರೈಸ್ತರಲ್ಲದವರಿಗೆ ಒಂದು ಮಾತು ಹೇಳಬೇಕು. ಕರ್ತನ ಭೋಜನ ಎಂದರೆ ಊಟವಲ್ಲ. ಒಂದು ಚೂರು ರೊಟ್ಟಿ, ಒಂದು ಗುಟುಕು ದ್ರಾಕ್ಷಿಯ ರಸ. ಎಲ್ಲರೂ ಒಂದೇ ಬಟ್ಟಲಿಗೆ ತುಟಿ ಇಟ್ಟು ಕುಡಿಯಬೇಕು, ಅದೇ ಅದರ ಅರ್ಥ. ನಮ್ಮ ಸೀಮೆಯಲ್ಲಿ ಇದು ಸಣ್ಣ ವಿಷಯವಲ್ಲ. ಇಲ್ಲಿ ಗಂಡ ಹೆಂಡತಿಯೂ ಚೊಂಬು ಎತ್ತಿ ಬಾಯಿಗೆ ಹುಯ್ದುಕೊಂಡು ಕುಡಿಯುವವರು. ತುಟಿ ತಾಗಿದರೆ ಎಂಜಲು. ಹೊಲಗೇರಿಯವರ ಎಂಜಲೆಂದರೆ ಕೇಳಬೇಕೆ?

ಅಯ್ಯನವರು ಬಟ್ಟಲನ್ನು ಬಿಳಿ ಬಟ್ಟೆಯಲ್ಲಿ ಸುತ್ತಿಕೊಂಡು, ಒಣದ್ರಾಕ್ಷಿ ನೆನೆಸಿ ಕಿವುಚಿದ ರಸವನ್ನು ಸೀಸೆಯಲ್ಲಿ ತುಂಬಿಕೊಂಡು ಬರುತ್ತಿದ್ದರು. ನಮ್ಮ ಮನೆಯ ಅಂಗಳವೇ ದೇವಾಲಯ. ಮೊದಲು ಅವರು ಕುಡಿದು, ಆಮೇಲೆ ಒಬ್ಬೊಬ್ಬರಿಗೂ ಕೊಟ್ಟು, ಕೊನೆಗೆ ಉಳಿದದ್ದನ್ನು ಚೆಲ್ಲಬಾರದೆಂದು ಅವರೇ ಕುಡಿದು ಮುಗಿಸಬೇಕು. ಅದು ಕ್ರಮ. ನಾನು ಹೇಳಹೊರಟ ಆ ದಿನವೂ ಮೊದಲು ಹಾಗೇ ನಡೆಯಿತು. ಕೊನೆಗೆ ಕುಡಿದವಳು ನನ್ನ ಅಜ್ಜಿ. ಬಟ್ಟಲು ಮತ್ತೆ ಅಯ್ಯನವರ ಕೈಗೆ ಹೋಯಿತು. ಅವರು ನಮಗೆ ಬೆನ್ನು ತಿರುಗಿಸಿ ಮೇಜಿನ ಕಡೆ ನಿಂತು, ತಲೆ ಹಿಂದಕ್ಕೆ ವಾಲಿಸಿ, ಉಳಿದ ರಸವನ್ನು ಬಾಯಿಗೆ ಹುಯ್ದುಕೊಂಡರು.

ಅಜ್ಜಿಗೆ ಕಣ್ಣು ಚೆನ್ನಾಗಿತ್ತು. ಆರಾಧನೆ ಮುಗಿಯಿತು, ಎಲ್ಲರೂ ಎದ್ದರು. ಅವಳು ಕೂತಲ್ಲಿಂದಲೇ ಕೇಳಿದಳು.

"ಅಯ್ನೋರೆ, ಮೊದ್ಲು ತುಟಿ ಇಟ್ ಕುಡುದ್ರಿ. ನಮ್ದೆಲ್ಲ ಆದ್ಮೇಲೆ ಯಾಕೆ ಎತ್ತಿ ಕುಡುದ್ರಿ?"

ಅವಳ ದನಿಯಲ್ಲಿ ಸಿಟ್ಟಿರಲಿಲ್ಲ. ನಿಜವಾಗಿ ತಿಳಿದುಕೊಳ್ಳಬೇಕೆಂದೇ ಕೇಳಿದ್ದಳು. ಅಯ್ಯನವರು ಬಟ್ಟಲನ್ನು ಬಟ್ಟೆಯಲ್ಲಿ ಸುತ್ತುತ್ತಿದ್ದರು. ಕೈ ಅಲ್ಲೇ ನಿಂತಿತು. ಅವರ ಮುಖ ಕಪ್ಪಿಟ್ಟದ್ದು ನನಗೆ ಇವತ್ತಿಗೂ ಕಣ್ಣಿಗೆ ಕಟ್ಟಿದೆ. ಆಮೇಲೆ ಬಹಳ ಮೆಲ್ಲಗೆ, "ನಂಗೇ ಗೊತ್ತಾಗ್ಲಿಲ್ಲ ಕಣವ್ವ," ಎಂದರು.

"ಅದೂ ನಿಜ್ವೇ ಇರ್ಬೌದು," ಎಂದಳು ಅಜ್ಜಿ.

ಅವರು ಅವತ್ತು ಊಟ ಮಾಡದೆ ಹೋದರು. ಅವ್ವ ಮುದ್ದೆ ಕಟ್ಟಿಟ್ಟಿದ್ದಳು; ಅದು ಹಾಗೇ ಆರಿತು. ಸೈಕಲ್ಲು ಹತ್ತಲಿಲ್ಲ, ತಳ್ಳಿಕೊಂಡೇ ಹೊಳೆಯ ಕಡೆಗೆ ನಡೆದರು. ಕೀರ್ತನೆ ಕೇಳಲಿಲ್ಲ. ನನಗೆ ಅವತ್ತು ಬಂದದ್ದು ಸಿಟ್ಟಲ್ಲ, ನಾಚಿಕೆ. ನಮ್ಮ ಬಾಯಲ್ಲಿ ಏನೋ ಇದೆ ಎಂದು ಅನ್ನಿಸಿತು. ಹೊಳೆಗೆ ಹೋಗಿ ಮರಳು ಹಾಕಿ ಹಲ್ಲು ತಿಕ್ಕಿದೆ. ತಪ್ಪು ಅವರದ್ದು, ಬಾಯಿ ತೊಳೆದುಕೊಂಡದ್ದು ನಾನು. ನಮ್ಮಂಥವರ ನಾಚಿಕೆ ಹೀಗೇ ತಲೆಕೆಳಗಾಗಿ ಹುಟ್ಟುತ್ತದೆ.

ಬಹಳ ದಿನ ಅವರು ನಮ್ಮ ಕಡೆ ಬರಲಿಲ್ಲ. ಮತ್ತೆ ನೋಡಿದ್ದು ಹಾಸನದಲ್ಲಿ, ಸುಗ್ಗಿಯ ಆರಾಧನೆಯಲ್ಲಿ. ವರ್ಷಕ್ಕೊಮ್ಮೆ ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣದ ಕಡೆಯ ಕೇರಿಗಳಿಂದ ಎಲ್ಲರೂ ರಾಗಿ, ಅವರೆ, ಕೋಳಿ ಕಾಣಿಕೆ ಹಿಡಿದು ದೊಡ್ಡ ದೇವಾಲಯಕ್ಕೆ ಹೋಗುತ್ತಿದ್ದೆವು. ಅಲ್ಲಿ ಮುಂದೆ ಬೆಂಚುಗಳಿದ್ದವು, ಹಿಂದೆ ಚಾಪೆ. ಬೆಂಚಿನವರ ಅಜ್ಜಂದಿರು ಒಕ್ಕಲಿಗರೋ ಲಿಂಗಾಯತರೋ ಆಗಿದ್ದವರು. ಏಸುವಿನ ಮನೆಗೆ ಬಂದರೂ ಜಾತಿಯನ್ನು ಟ್ರಂಕಿನಲ್ಲಿಟ್ಟುಕೊಂಡೇ ಬಂದಿದ್ದರು. ಚಾಪೆಯವರು ನಾವು. ಭೋಜನಕ್ಕೆ ಮೊದಲು ಬೆಂಚು ಎದ್ದು ಹೋಗುವುದು, ಕೊನೆಗೆ ಚಾಪೆ. ಹಾಗೆಂದು ಎಲ್ಲಿಯೂ ಬರೆದಿರಲಿಲ್ಲ. ಎಲ್ಲರಿಗೂ ಗೊತ್ತಿತ್ತು, ಅಷ್ಟೆ. ಅವರು ಕುಡಿದದ್ದನ್ನು ನಾವು ಕುಡಿಯಬಹುದಿತ್ತು, ನಾವು ಕುಡಿದದ್ದನ್ನು ಅವರು ಕುಡಿಯಬೇಕಾಗುತ್ತಿರಲಿಲ್ಲ.

ಆ ದಿನ ಅಯ್ಯನವರು ಎಂದಿನ ಉಪದೇಶದ ಪ್ರಸಂಗ ಮಾಡಲಿಲ್ಲ. ನಮ್ಮ ಅಂಗಳದಲ್ಲಿ ತಾವು ಮಾಡಿದ್ದನ್ನು ಇದ್ದದ್ದು ಇದ್ದಂತೆ ಹೇಳಿದರು. "ನನ್ನ ತಲೆ ದೀಕ್ಷಾಸ್ನಾನ ತಗೊಂಡಿತ್ತು, ತುಟಿ ತಗೊಂಡಿರ್ಲಿಲ್ಲ," ಎಂದರು. ಆಮೇಲೆ, "ಇವತ್ತು ಚಾಪೆಯವರು ಮೊದಲು ಬನ್ನಿ. ಬೆಂಚಿನವರು ಅವರ ಹಿಂದೆ. ನಾನು ಎಲ್ಲರಿಗಿಂತ ಕೊನೆಗೆ," ಎಂದರು.

ನಾವು ಏಳಲಿಲ್ಲ. ಚಾಪೆಯ ಮೇಲೆ ಒಬ್ಬರ ಮುಖ ಒಬ್ಬರು ನೋಡಿಕೊಂಡೆವು. ಅವ್ವ ನನ್ನ ಕಿವಿಯಲ್ಲಿ, "ಇವರ್ ಮೈಲ್ಗೆ ತೊಳಿಯಾಕೆ ನಾವ್ ನೀರಾಗ್ಬೇಕಾ?" ಎಂದಳು. ಅವಳ ಸಿಟ್ಟು ನ್ಯಾಯವಾಗೇ ಇತ್ತು. ನಮ್ಮ ಬಾಯಿಯ ಸುದ್ದಿಯನ್ನು ಅಷ್ಟು ಜನರ ಮುಂದೆ ಹೇಳಲು ಅವರು ನಮ್ಮನ್ನು ಕೇಳಿರಲಿಲ್ಲ. ಕೊನೆಗೆ ಅಜ್ಜಿ ಎದ್ದಳು, ಅವಳ ಹಿಂದೆ ನಾವು. ಬೆಂಚುಗಳ ನಡುವೆ ನಡೆಯುವಾಗ ನನ್ನ ಕಾಲಿನ ಕೆಸರು, ಲಂಗದ ತೇಪೆ, ಎಲ್ಲ ಎದ್ದು ಕಾಣುವ ಹಾಗಾಯಿತು. ನಾವು ಕುಡಿದು ಹಿಂದಕ್ಕೆ ಬಂದೆವು.

ಬೆಂಚು ಏಳಲಿಲ್ಲ. ಅಯ್ಯನವರು ಬಟ್ಟಲು ಹಿಡಿದು ಕಾಯುತ್ತ ನಿಂತರು. ಸಭೆಯ ಹಿರಿಯರೊಬ್ಬರು, ಕೋರ್ಟಿನಲ್ಲಿ ಗುಮಾಸ್ತರಾಗಿದ್ದವರು, ಎದ್ದು ಬಹಳ ವಿನಯದಿಂದ, "ಇವತ್ತು ನಮ್ಮ ಮನಸ್ಸು ಸಿದ್ಧವಾಗಿಲ್ಲ ಅಯ್ಯನವರೇ. ಮನಸ್ಸು ಸಿದ್ಧವಾಗದೆ ತೆಗೆದುಕೊಳ್ಳುವುದು ಪಾಪವಲ್ಲವೇ?" ಎಂದರು. ಇಡೀ ಬೆಂಚಿಗೆ ಒಂದೇ ಸಲ ಮನಸ್ಸು ಸಿದ್ಧವಾಗಿರಲಿಲ್ಲ. ಅಯ್ಯನವರು ಬಟ್ಟಲನ್ನು ತುಟಿಗಿಟ್ಟು, ಎಲ್ಲರಿಗೂ ಕಾಣುವಂತೆ, ಕೊನೆಯ ಹನಿಯವರೆಗೂ ಕುಡಿದರು.

ಬಾಗಿಲಲ್ಲಿ ಅವರು ಅಜ್ಜಿಗೆ ಕೈಮುಗಿದರು. "ಈಗ್ಲಾದ್ರೂ ನನ್ ಮೇಲಿನ ಬಾಕಿ ತೀರ್ತಾ ಅವ್ವ?" ಎಂದು ಕೇಳಿದರು. ಅಂಗಡಿಮನೆಯ ಮಾತು ಅವರಿಗೆ ಇಂಥ ಹೊತ್ತಿನಲ್ಲಿ ಬರುತ್ತಿತ್ತು.

"ಎಲ್ರೂ ನೋಡ್ತಿರೋವಾಗ ಬಾಯಿಟ್ ಕುಡಿಯಾದು ಸುಲ್ಬ ಕಣಪ್ಪ," ಎಂದಳು ಅಜ್ಜಿ. "ಅವತ್ತು ಯಾರೂ ನೋಡ್ತಿಲ್ಲ ಅಂದ್ಕಂಡಿದ್ರಲ್ಲ, ಆಗ ಕುಡೀಬೇಕಿತ್ತು."

ಅವರು ತಲೆ ತಗ್ಗಿಸಿದರು. ಆಮೇಲೆ ಅವರು ಬದುಕಿರುವವರೆಗೂ ಆ ತಲೆ ಪೂರ್ತಿ ಮೇಲೆದ್ದದ್ದನ್ನು ನಾನು ನೋಡಲಿಲ್ಲ.

ಸಭೆಯಲ್ಲಿ ಜಗಳ ಆಗಲಿಲ್ಲ. ನಮ್ಮಲ್ಲಿ ದೊಡ್ಡ ಮನುಷ್ಯರು ಜಗಳ ಮಾಡುವುದಿಲ್ಲ, ಏರ್ಪಾಟು ಮಾಡುತ್ತಾರೆ. ಒಂದೇ ಬಟ್ಟಲಿನಿಂದ ಕ್ಷಯ ಹರಡುತ್ತದೆ ಎಂದು ಯಾರೋ ಡಾಕ್ಟರು ಹೇಳಿದರಂತೆ. ಅಲ್ಲಿಯವರೆಗೆ ಎಷ್ಟೋ ವರ್ಷ ಬೆಂಚಿನಿಂದ ಚಾಪೆಗೆ ಹರಡದ ಕ್ಷಯ, ಬಟ್ಟಲು ಚಾಪೆಯಿಂದ ಬೆಂಚಿಗೆ ಹೊರಟ ದಿನ ನೆನಪಿಗೆ ಬಂತು. ಹೆಬ್ಬೆರಳಿನಷ್ಟು ಪುಟ್ಟ ಗಾಜಿನ ಲೋಟಗಳು ಬಂದವು, ಒಬ್ಬೊಬ್ಬರಿಗೆ ಒಂದು. ಇವತ್ತಿಗೂ ನಮ್ಮ ದೇವಾಲಯದಲ್ಲಿ ಅವೇ. ಡಾಕ್ಟರು ಹೇಳಿದ್ದು ಸುಳ್ಳಲ್ಲ, ನರ್ಸಾಗಿ ನಾನೂ ಅದನ್ನೇ ಹೇಳುತ್ತೇನೆ. ಆದರೆ ಆ ಲೋಟಗಳು ಯಾತಕ್ಕೆ ಬಂದವೆಂದು ನನಗೆ ಗೊತ್ತು.

ಅಯ್ಯನವರಿಗೆ ಅರಕಲಗೂಡಿಗೆ ವರ್ಗವಾಯಿತು. ಅಲ್ಲಿಂದ ರಾಮನಾಥಪುರದ ಕಡೆಯ ಕೇರಿಗಳಿಗೆಲ್ಲ ಸೈಕಲ್ಲು ತುಳಿದರು. ಯುದ್ಧದ ಕಾಲದಲ್ಲಿ ಒಣದ್ರಾಕ್ಷಿ ಸಿಗದೆ ಬೆಲ್ಲದ ನೀರಿನಲ್ಲೇ ಭೋಜನ ನಡೆಸಿದರೆಂದು ಅವರ ಮೇಲೆ ದೂರೂ ಹೋಯಿತು. ಎಲ್ಲ ಕಡೆಯೂ ಬಟ್ಟಲು ಒಂದೇ, ಕೊನೆಗೆ ಕುಡಿಯುವವರು ಅವರೇ. ಕುಡಿಯುವ ಮೊದಲು ಹೊಳೆನರಸೀಪುರದ ಕಡೆಯ ಒಬ್ಬ ಅಜ್ಜಿಯ ಕಥೆ ಹೇಳುತ್ತಿದ್ದರು. ಅದು ಸುತ್ತಿ ಬಳಸಿ ಅಜ್ಜಿಯ ಕಿವಿಗೂ ಬಿತ್ತು. "ನನ್ ಬಾಯಿ ಸುದ್ದಿ ಊರೂರ್ಗೆ ಓಯ್ತಲ್ಲೇ," ಎಂದು ಗೊಣಗಿದಳು. "ಆ ಮನ್ಸ ನಾಚ್ಕೇನ ಒತ್ಕಂಡು ಮಾರ್ತಾವ್ನೆ."

ನನ್ನನ್ನು ನರ್ಸ್ ತರಬೇತಿಗೆ ಸೇರಿಸಿದ್ದೂ ಅವರೇ. ಹೊರಡುವ ದಿನ ಅರಕಲಗೂಡಿನಿಂದ ಹಾಸನಕ್ಕೆ ಬಂದು ಬಸ್ಸಿನ ಕಿಟಕಿಯಲ್ಲಿ ಹುರಿಗಡಲೆಯ ಪೊಟ್ಟಣ ಕೊಟ್ಟರು. ಅಜ್ಜಿ ಹೇಗಿದ್ದಾಳೆಂದು ಕೇಳಿದರು. ಬಂದು ನೋಡಿ ಅಂದೆ. "ಯಾವ್ ಮುಖ ಇಟ್ಕಂಡ್ ಬರ್ಲಿ?" ಎಂದರು. ನನಗೆ ಅವರ ಮೇಲೆ ಸ್ವಲ್ಪ ಸಿಟ್ಟೇ ಬಂತು. ಊರೂರಿನಲ್ಲಿ ತಪ್ಪು ಒಪ್ಪಿಕೊಳ್ಳುವವರಿಗೆ ನಮ್ಮ ಅಂಗಳಕ್ಕೆ ಬರಲು ಮುಖವಿರಲಿಲ್ಲ.

ಕೊನೆಗೆ ಅವರು ನನ್ನ ಕೈಗೇ ಬಂದರು. ನಾನು ಹಾಸನದಲ್ಲಿ ನರ್ಸಾಗಿ ಕೆಲಸಕ್ಕೆ ಸೇರಿ ಒಂದೆರಡು ವರ್ಷವಾಗಿತ್ತು. ಆಸ್ಪತ್ರೆಯ ಹಿಂದಿನ ತಗಡಿನ ಕೋಣೆಯಲ್ಲಿ ಕ್ಷಯದವರನ್ನು ಇಡುತ್ತಿದ್ದೆವು. ಅವರಿಗೆ ಕ್ಷಯವೇ ಆಗಿತ್ತು. ಬೆಂಚಿನವರಿಗೆ ಸುದ್ದಿ ತಿಳಿದಾಗ, "ನಾವು ಆಗಲೇ ಹೇಳಿರಲಿಲ್ಲವೇ? ಎಲ್ಲರ ಎಂಜಲು ಕುಡಿದರೆ ಇನ್ನೇನಾಗುತ್ತೆ?" ಎಂದರಂತೆ. ಯಾರೂ ನೋಡಲು ಬರಲಿಲ್ಲ. ಚನ್ನರಾಯಪಟ್ಟಣದಿಂದಲೂ ಯಾರೂ ಬರಲಿಲ್ಲ.

ಕ್ಷಯದವರ ಲೋಟ, ತಟ್ಟೆ ಬೇರೆ. ಅವಕ್ಕೆ ಕೆಂಪು ಬಣ್ಣದ ಗುರುತು ಹಾಕಿ, ಬಳಸಿದ ಮೇಲೆ ಇಕ್ಕಳದಲ್ಲಿ ಹಿಡಿದು ಕುದಿಯುವ ನೀರಿಗೆ ಹಾಕಬೇಕು. ಮೊದಲ ದಿನ ನಾನು ಕೆಂಪು ಗುರುತಿನ ಲೋಟದಲ್ಲಿ ಹಾಲು ತಂದಾಗ ಅವರು ಅದನ್ನು ತಿರುಗಿಸಿ ತಿರುಗಿಸಿ ನೋಡಿದರು. "ಸರ್ಯಾಗೈತೆ ಕಣವ್ವ. ತೂಕ ಸರ್ಯಾಗೈತೆ," ಎಂದರು. ನನಗೆ ತಲೆ ಎತ್ತಲಾಗಲಿಲ್ಲ. ನಾನು ಬಂದು ಹೋಗುವಷ್ಟರಲ್ಲಿ ಔಷಧಿ ಚೀಟಿಯ ಕಾಗದ ಪೊಟ್ಟಣವಾಗಿರುತ್ತಿತ್ತು. ಒಳಗೆ ಹಾಕಲು ಏನೂ ಇರಲಿಲ್ಲ.

ದಿನ ಹತ್ತಿರ ಬಂತೆಂದು ತಿಳಿದಾಗ ಅಜ್ಜಿಗೆ ಹೇಳಿಕಳಿಸಿದೆ. ಬರುವಳೆಂದು ನಂಬಿರಲಿಲ್ಲ. ಕೋಲು ಊರಿಕೊಂಡು, ಚಿಕ್ಕಪ್ಪನ ಜೊತೆ, ಒಂದು ಮಧ್ಯಾಹ್ನ ಬಂದಳು. ಚಿಕ್ಕಪ್ಪನನ್ನು ಗೇಟಿನಲ್ಲೇ ನಿಲ್ಲಿಸಿ ಒಳಗೆ ಬಂದು ಮಂಚದ ಪಕ್ಕ ನೆಲದ ಮೇಲೆ ಕೂತಳು. ಅಯ್ಯನವರು ಅವಳನ್ನು ನೋಡಿ ಮುಖವನ್ನು ಗೋಡೆಯ ಕಡೆ ತಿರುಗಿಸಿಕೊಂಡರು. ನಾನು ಕುದಿಸಿ ಆರಿಸಿದ ಲೋಟದಲ್ಲಿ ಹಾಲು ತಂದು ಮೇಜಿನ ಮೇಲಿಟ್ಟೆ.

ಅಜ್ಜಿ ಕೈ ಚಾಚಿ ಲೋಟ ತೆಗೆದುಕೊಂಡಳು. ತುಟಿ ಇಟ್ಟು ಒಂದು ಗುಟುಕು ಕುಡಿದಳು.

"ಅಜ್ಜಿ, ಅದು ಕಾಯ್ಲೆಯವರ ಲೋಟ," ಎಂದೆ.

"ಸುಮ್ನಿರೇ. ನೀನು ಆ ಕಡೆ ತಿರುಗ್ಕೊ," ಎಂದಳು. ನಾನು ಬಾಗಿಲ ಕಡೆ ತಿರುಗಿ ನಿಂತೆ. ಅವಳು ಎದ್ದ ಸದ್ದು, ಮಂಚ ಕಿರುಗುಟ್ಟಿದ ಸದ್ದು ಕೇಳಿತು.

"ಅಯ್ನೋರೆ, ಏಳಿ. ಇಲ್ಲಿ ಸಬೆ ಇಲ್ಲ, ಯಾರೂ ನೋಡ್ತಿಲ್ಲ. ಕುಡೀರಿ."

ಕೆಮ್ಮು ಬಂತು, ನಿಂತಿತು. ಆಮೇಲೆ ಮೆಲ್ಲನೆ ಗುಟುಕರಿಸುವ ಸದ್ದು, ನಿಂತು ನಿಂತು, ಬಹಳ ಹೊತ್ತು. ಆಮೇಲೆ ಅವರು ಅತ್ತರು. ನನಗೂ ಅಳು ಬಂತು, ಆದರೆ ನಾನು ತಿರುಗಲಿಲ್ಲ.

ಅಜ್ಜಿ ಬರಿದಾದ ಲೋಟವನ್ನು ಹಿಡಿದು ಹೊರಗೆ ಬಂದು ಜಗುಲಿಯ ಮೇಲೆ ಇಟ್ಟು ಕೂತಳು. "ಕುಡುದ್ರು," ಎಂದಳು, ಅಷ್ಟೆ. ಒಲೆಯ ಮೇಲೆ ನೀರು ಕುದಿಯುತ್ತಿತ್ತು. ನಾನು ಮೊಳೆಗೆ ತೂಗುಹಾಕಿದ್ದ ಇಕ್ಕಳ ತೆಗೆದುಕೊಂಡು, ಅದರಿಂದ ಲೋಟದ ಅಂಚು ಹಿಡಿದು, ಮೈಯಿಂದ ದೂರ ಮಾಡಿ ಎತ್ತಿದೆ. ಅಜ್ಜಿ ನೋಡುತ್ತಿದ್ದಳು.

"ಅದ್ಯಾಕೇ ಅಂಗ್ ಇಡ್ಕಂಡಿದ್ದೀಯ?"

"ರೂಲು ಕಣಜ್ಜಿ. ಮುಟ್ಟಬಾರ್ದು."

ಅಜ್ಜಿ ಸೆರಗಿನಿಂದ ಬಾಯಿ ಒರೆಸಿಕೊಂಡಳು. "ಊಂ. ಅವರ್ಗೂ ಯಾವ್ದೋ ಒಂದ್ ರೂಲಿತ್ತು," ಎಂದು ಕೋಲು ಊರಿ ಎದ್ದಳು.

ನನ್ನ ರೂಲು ಸರಿಯಾದದ್ದೇ. ಇವತ್ತು ಯಾರು ಕೇಳಿದರೂ ಹಾಗೇ ಹೇಳುತ್ತೇನೆ. ಆದರೂ ಆಗ ನನ್ನ ಮುಖ ಕಿವಿಯವರೆಗೂ ಬಿಸಿಯಾಯಿತು. ಅಜ್ಜಿ ಗೇಟು ದಾಟುವವರೆಗೂ ನಾನು ಲೋಟವನ್ನು ಇಕ್ಕಳದಲ್ಲೇ ಹಿಡಿದುಕೊಂಡು ನಿಂತಿದ್ದೆ.